ದಸರಾಕ್ಕ ಅಕ್ಕನ ಮನಿಯವರು ಬರ್ತಾರ: ಬೆಂಗಳೂರಿನ ಸಂಜಿ ‘ಫುಡ್ ವಾಕ್’ ರೊಕ್ಕಕ್ಕ ತಕ್ಕಂಗ ಇರ್ತದೇನ್ರೀ?

ವಿಜಯನಗರದ ಧಾರವಾಡದಾಕಿ:

ನಮಸ್ಕಾರ್ರೀ ಎಲ್ಲಾರಿಗೂ. ಬೆಂಗಳೂರಿಗೆ ಬಂದು ಒಂಬತ್ತು ವರ್ಷ ಆತು. ಖರೇ ಹೇಳ್ಬೇಕಂದ್ರ ಈ ಊರು ನನಗ ಇನ್ನೂ ಗೊತ್ತಿಲ್ಲ. ಆಫೀಸು, ವಿಜಯನಗರದ ಮನಿ, ವಾರಕ್ಕೊಮ್ಮೆ ಖಾನಾವಳಿಯೊಳಗ ಜೋಳದ ರೊಟ್ಟಿ, ಎಣಗಾಯಿ. ನನ್ನ ಬೆಂಗಳೂರು ಇಷ್ಟ.

ಈಗ ದಸರಾಕ್ಕ ಅಕ್ಕ, ಭಾವ, ಎರಡು ಮಕ್ಕಳು ಡಲ್ಲಾಸ್‌ನಿಂದ ಬರ್ಲಿಕ್ಕತ್ತಾರ. ದೊಡ್ಡಾಕಿಗೆ 14, ಸಣ್ಣವಗ 10. ಅವರ ಕೂಡ ಇರ್ಲಿಕ್ಕೆ ಅವ್ವನೂ ಧಾರವಾಡದಿಂದ ಬರ್ತಾಳ. ಒಂದು ಸಂಜಿ ಎಲ್ಲಾರನೂ ಕರ್ಕೊಂಡು ಊರು ತೋರಿಸು, ಆದ್ರ ಮಾಲ್ ಒಲ್ಲೆ, ಓಣಿ ಓಣಿ ಅಡ್ಡಾಡಿಸಿ ತಿನಸು ಅಂತ ಅಕ್ಕ ಮೊದಲ ಹೇಳಿಬಿಟ್ಟಾಳ. ಹುಡುಕಿದ್ರ ಸಂಜಿ ಫುಡ್ ವಾಕ್ ಮಾಡಿಸೋರು ಸಿಕ್ಕರು. ಐದು ಬಡಾವಣಿ, ಹನ್ನೆರಡು ತಿನಿಸು, ನಾಕು ತಾಸು, ಕೂಡ ಒಬ್ಬ ಗೈಡ್. ತಲಿಗೆ 2,500. ಆರು ಮಂದಿಗೆ 15,000 ಆಗ್ತದ. ಆ ರೊಕ್ಕಕ್ಕ ಧಾರವಾಡದಾಗ ಒಂದು ಮುಂಜಿವಿ ಊಟ ಹಾಕ್ಸಬಹುದು, ಅದಕ್ಕ ಕೈ ತಡೀಲಿಕ್ಕತ್ತದ.

ನಮ್ಮ ಗುಂಪಿನ ಪಂಚಾಯ್ತಿ ಕೇಳ್ರಿ. ಭಾವ ಗುಂಟೂರಿನವರು, ಖಾರಕ್ಕ ಅಂಜೂದಿಲ್ಲ, ಮಾಂಸ ಅಂದ್ರ ಜೀವ. ಅಕ್ಕ ಅಲ್ಲಿಗೆ ಹೋದ ಮ್ಯಾಲೆ ಎಲ್ಲಾ ತಿಂತಾಳ, ಅವ್ವನ ಮುಂದ ಮಾತ್ರ ಇಲ್ಲ. ಅವ್ವಗ 71, ಕನ್ನಡ ಸಾಲಿ ಟೀಚರಾಗಿ ರಿಟೈರ್ ಆದಾಕಿ. ಉಳ್ಳಾಗಡ್ಡಿ-ಬಳ್ಳೊಳ್ಳಿ ತಿನ್ನೂದಿಲ್ಲ. ಅದರ ಮ್ಯಾಲೆ ಚಾತುರ್ಮಾಸ, ದಸರಾದ ಹೊತ್ತಿಗೆ ಕ್ಷೀರವ್ರತ ನಡದಿರ್ತದ, ಅಂದ್ರ ಹಾಲು ಬಂದ್. ಮೊಸರು, ಬೆಣ್ಣಿ, ತುಪ್ಪ ನಡೀತದ. ಹೋಟೆಲ್ ಒಲ್ಲೆ ಅನ್ನೋ ಪೈಕಿ ಅಲ್ಲ ಆಕಿ. ಯಾರ್ ಮಾಡ್ಯಾರ ಅನ್ನೂದು ಆಕಿಗೆ ಲೆಕ್ಕಕ್ಕಿಲ್ಲ, ಏನ್ ಹಾಕ್ಯಾರ ಅನ್ನೂದಷ್ಟ ಲೆಕ್ಕ. ಅಡ್ಡಾಡ್ತಾಳ, ನಡು ನಡು ಕುಂಡ್ರಬೇಕು.

ಗೈಡ್ ಬೇಕೋ ಬ್ಯಾಡೋ? ನಾನ ಕರ್ಕೊಂಡು ಹೋದ್ರ ಎಲ್ಲಿಂದ ಶುರು ಮಾಡ್ಲಿ? ಒಂದ ಸಂಜಿಯೊಳಗ ಅವ್ವ, ಭಾವ ಇಬ್ಬರಿಗೂ ಹೊಂದೂ ದಾರಿ ಅದನೋ ಇಲ್ಲೋ?

ಲೆಕ್ಕಾಚಾರಿ:

15,000 ರೂಪಾಯಿಗೆ, ಒಂದಕ್ಕೆ ನೂರು ಅಂತ ಹಿಡಿದರೂ, ನೂರೈವತ್ತು ಮಸಾಲೆ ದೋಸೆ ಬರುತ್ತೆ ಮೇಡಂ. ದುಡ್ಡು ದಂಡ. ಸೀದಾ ವಿ.ವಿ.ಪುರಂ ತಿಂಡಿ ಬೀದಿಗೆ ಹೋಗಿ, ಒಂದೇ ರಸ್ತೆಯಲ್ಲಿ ಎಲ್ಲ ಸಿಗುತ್ತೆ, ಎರಡು ಸಾವಿರದಲ್ಲಿ ಆರು ಜನರ ಹೊಟ್ಟೆ ತುಂಬುತ್ತೆ. ಕಾರು ತರಬೇಡಿ, ಪಾರ್ಕಿಂಗ್ ಹುಡುಕೋದರಲ್ಲೇ ಹಸಿವು ಸಾಯುತ್ತೆ. ನಿಮ್ಮ ಭಾವನಿಗೆ ಮಾರನೇ ದಿನ ಎಲ್ಲಾದರೂ ಬಿರಿಯಾನಿ ಕೊಡಿಸಿ. ಇದಕ್ಕೆಲ್ಲ ಗೈಡ್ ಯಾಕೆ?

ಬೈಟು ಕಾಫಿ:

ಲೆಕ್ಕಾಚಾರಿ ಸಾರ್, ಲೆಕ್ಕ ಸರಿ. ನೂರೈವತ್ತು ದೋಸೆ ತಿನ್ನೋಕೆ ಮಾತ್ರ ಯಾರೂ ಡಲ್ಲಾಸ್‌ನಿಂದ ಬರಲ್ಲ.

ನಾನು ನಾಲ್ಕು ವರ್ಷ ಇದೇ ಕೆಲಸ ಮಾಡಿದೀನಿ. ವಾರವೆಲ್ಲ ಬ್ಯಾಂಕಿನ ಕೌಂಟರು, ಶನಿವಾರ ಭಾನುವಾರ ಸಂಜೆ ಕೊರಳಿಗೊಂದು ಬ್ಯಾಡ್ಜು, ಕೈಯಲ್ಲೊಂದು ಛತ್ರಿ, ಹಿಂದೆ ಎಂಟು ಜನ. ಮಂಡಿ ಕೈಕೊಟ್ಟ ಮೇಲೆ ಬಿಟ್ಟೆ. ಹುಟ್ಟಿ ಬೆಳೆದದ್ದು ಚಾಮರಾಜಪೇಟೆ. ಆದ್ದರಿಂದ ಒಳಗಿನ ಮಾತು ಹೇಳ್ತೀನಿ, ಸ್ವಲ್ಪ ಉದ್ದ ಆಗುತ್ತೆ, ಕಾಫಿ ಇಟ್ಕೊಂಡು ಓದಿ.

ಅಂಗಡಿ ತೋರಿಸೋಕೆ ಗೈಡ್ ಬೇಕಿಲ್ಲ, ಅದನ್ನು ಫೋನೇ ತೋರಿಸುತ್ತೆ. ಗೈಡಿಗೆ ಗೊತ್ತಿರಬೇಕಾದ್ದು ಹೊತ್ತು. ಈ ಊರು ಒಂದೇ ಹೊತ್ತಿಗೆ ಉಣ್ಣಲ್ಲ. ಬಸವನಗುಡಿ ಮಧ್ಯಾಹ್ನದ ನಿದ್ದೆ ಮುಗಿಸಿ ನಾಲ್ಕಕ್ಕೆ ಎದ್ದು, ಎಂಟು ಗಂಟೆಗೆಲ್ಲ ಹೋಟೆಲಿನ ನೆಲ ಒರೆಸೋಕೆ ಶುರು ಮಾಡುತ್ತೆ. ವಿ.ವಿ.ಪುರಕ್ಕೆ ಐದಕ್ಕೆ ಹೋದ್ರೆ ಬಾಣಲೆ ಇನ್ನೂ ಕಾದಿರಲ್ಲ, ಏಳಕ್ಕೆ ಹೋದ್ರೆ ಭುಜಕ್ಕೆ ಭುಜ. ಪೇಟೆ ಅಂಗಡಿಗಳು ಷಟರ್ ಎಳೆಯೋ ಹೊತ್ತಿಗೆ ಶಿವಾಜಿನಗರದಲ್ಲಿ ಕೆಂಡ ಊದ್ತಿರ್ತಾರೆ. ಅಲ್ಲಿ ಒಂಬತ್ತು ಗಂಟೆ ಅಂದ್ರೆ ಸಾಯಂಕಾಲ. ಅಂದ್ರೆ ದಾರಿ ತಾನಾಗೇ ನಿಗದಿಯಾಯ್ತು: ದಕ್ಷಿಣದಿಂದ ಹೊರಟು, ಪೇಟೆ ಹಾದು, ದಂಡಿಗೆ, ಅಂದ್ರೆ ಶಿವಾಜಿನಗರದ ಕಂಟೋನ್ಮೆಂಟ್ ಕಡೆಗೆ, ಹೋಗಿ ಮುಗಿಸೋದು. ಇದನ್ನು ತಿರುಗಿಸಿದವನು ಕೆಟ್ಟ. ನಾನೂ ಒಂದ್ಸಲ ತಿರುಗಿಸಿ ಕೆಟ್ಟಿದೀನಿ. ಆರಕ್ಕೆ ಮಾಸ್ಕ್ ರೋಡಿನಲ್ಲಿ ಖಾಲಿ ಸೀಖು ನೋಡಿಕೊಂಡು ನಿಂತು, ಒಂಬತ್ತೂವರೆಗೆ ಗಾಂಧಿಬಜಾರಿನಲ್ಲಿ ಬೀದಿನಾಯಿಗಳ ಜೊತೆ ನಿಂತು.

ನಿಮ್ಮ ಅಕ್ಕನ ಮಕ್ಕಳಿಗೆ ಹೇಳೋಕೆ ಬರುತ್ತೆ, ಕೇಳಿ. ಈ ಊರು ನಿಜಕ್ಕೂ ಎರಡು ಊರು. 1537ರಲ್ಲಿ ಕೆಂಪೇಗೌಡರು ಕಟ್ಟಿಸಿದ ಪೇಟೆ ಒಂದು. ಶ್ರೀರಂಗಪಟ್ಟಣ ಬಿದ್ದ ಹತ್ತು ವರ್ಷಕ್ಕೆ, 1809ರಲ್ಲಿ, ಬ್ರಿಟಿಷರು ಸೈನ್ಯಕ್ಕೆ ಅಂತ ಕಟ್ಟಿದ ದಂಡು ಇನ್ನೊಂದು. ನಡುವೆ ಕಬ್ಬನ್ ಪಾರ್ಕು. ಎರಡಕ್ಕೂ ಬೇರೆ ಬೇರೆ ಮುನಿಸಿಪಾಲಿಟಿ ಇತ್ತು, ಸೇರಿ ಒಂದು ಕಾರ್ಪೊರೇಷನ್ ಆದದ್ದು 1949ರಲ್ಲಿ. ನಮ್ಮಜ್ಜಿ ಕೊನೇತನಕ ‘ದಂಡಿಗೆ ಹೋಗಿ ಬರ್ತೀನಿ’ ಅಂತಿದ್ರು, ಪರದೇಶಕ್ಕೆ ಹೋಗೋರ ಥರ. ಬಸವನಗುಡಿ, ಮಲ್ಲೇಶ್ವರ ಇವೆಲ್ಲ ಆಮೇಲಿನವು. 1898ರಲ್ಲಿ ಪ್ಲೇಗು ಬಂದು ಪೇಟೆಯ ಇಕ್ಕಟ್ಟಿನ ಗಲ್ಲಿಗಳಲ್ಲಿ ಜನ ಸತ್ತಾಗ, ಉಳಿದೋರು ಈ ಹೊಸ ಬಡಾವಣೆಗಳಿಗೆ ಓಡಿಬಂದ್ರು. ಆ ಅಗಲ ರಸ್ತೆ, ನೆಟ್ಟಗಿನ ಕ್ರಾಸು ನೋಡಿ ಚಂದ ಅಂತೀವಿ, ಅದರ ಹಿಂದಿರೋದು ಹೆದರಿಕೆ.

ಈಗ ನಡಿಗೆಗೆ ಬನ್ನಿ. ನಾಲ್ಕೂವರೆಗೆ ಗಾಂಧಿಬಜಾರು. ವಿದ್ಯಾರ್ಥಿ ಭವನ, 1943ರದ್ದು, ಹೆಸರು ಬರೆಸಿ ಕಾಯಬೇಕು. ಶುಕ್ರವಾರ ರಜೆ. ಇದನ್ನು ಒತ್ತಿ ಹೇಳೋಕೆ ಕಾರಣ ಇದೆ. ರಜೆ ಹಾಕಿ ಒಂದು ಶುಕ್ರವಾರ ಒಂಬತ್ತು ಜನರನ್ನು ಕರ್ಕೊಂಡು ಹೋಗಿ ಮುಚ್ಚಿದ ಬಾಗಿಲಿನ ಮುಂದೆ ನಿಂತು ಅದರ ಚರಿತ್ರೆ ಹೇಳಿದ ಮಹಾನುಭಾವ ನಾನೇ.

ಇಲ್ಲಿಯ ನಿಯಮ ಬೈಟು. ನಮ್ಮೂರಲ್ಲಿ ಒಂದು ಕಾಫೀನ ಎರಡು ಲೋಟಕ್ಕೆ ಮಾಡಿಸಿಕೊಳ್ಳೋದು ಜಿಪುಣತನ ಅಲ್ಲ, ಇನ್ನೊಂದು ಸುತ್ತು ಮಾತಾಡೋಕೆ ಜಾಗ ಬಿಟ್ಟುಕೊಳ್ಳೋದು. ಹಾಗೇ ಆರು ಜನಕ್ಕೆ ಎರಡೇ ಮಸಾಲೆ, ನಿಮ್ಮ ತಾಯಿಯವರಿಗೆ ಪಲ್ಯ ಇಲ್ಲದ ಸಾದಾ. ಮಕ್ಕಳು ಇನ್ನೊಂದು ಅಂತಾರೆ, ಕೊಡಿಸಬೇಡಿ. ಮೊದಲ ವರ್ಷ ಎಲ್ಲರಿಗೂ ಕೇಳಿದಷ್ಟು ಕೊಡಿಸ್ತಿದ್ದೆ. ಶಿವಾಜಿನಗರ ಮುಟ್ಟೋ ಹೊತ್ತಿಗೆ ಒಬ್ಬರು ಆಟೋದಿಂದ ಇಳಿಯೋಕೇ ಒಪ್ಪಲಿಲ್ಲ, ಅಲ್ಲೇ ನಿದ್ದೆ ಹೋದ್ರು. ಮೀಟರು ಓಡ್ತಾ ಇತ್ತು.

ಅಲ್ಲಿಂದ ಶಂಕರಪುರಕ್ಕೆ ನಡೀರಿ. ಬ್ರಾಹ್ಮಿನ್ಸ್ ಕಾಫಿ ಬಾರ್, 1965. ಇಡ್ಲಿ, ವಡೆ, ಖಾರಾಬಾತು, ಕೇಸರಿಬಾತು, ಕಾಫಿ ಟೀ, ಮುಗೀತು ಮೆನು. ಸಾಂಬಾರ್ ಇಲ್ಲ, ಚಟ್ನಿ ಮಾತ್ರ. ಸಂಜೆ ಬೇಗ ಮುಚ್ಚುತ್ತೆ, ತಡ ಮಾಡಬೇಡಿ. ಕೂರೋಕೆ ಕುರ್ಚಿ ಹುಡುಕಬೇಡಿ, ಇಡ್ಲಿ ತಿನ್ನೋದೇ ನಿಂತುಕೊಂಡು. ತಾಯಿಯವರನ್ನು ಅಲ್ಲೇ ಕಟ್ಟೆ ಮೇಲೆ ಕೂರಿಸಿ ತಟ್ಟೆ ತಂದುಕೊಡಿ.

ಸಜ್ಜನ್‌ರಾವ್ ಸರ್ಕಲ್ಲಿಗೆ ಆರೂಕಾಲಿಗೆ ತಲುಪಿದ್ರೆ ಸರಿಯಾದ ಹೊತ್ತು. ವಿ.ಬಿ. ಬೇಕರಿಯಲ್ಲಿ (1953) ಕಾಂಗ್ರೆಸ್ ಕಡ್ಲೆಕಾಯಿ ಒಂದು ಪೊಟ್ಟಣ ಕಟ್ಟಿಸಿ, ದಾರಿಯುದ್ದಕ್ಕೂ ಬರುತ್ತೆ. 1969ರಲ್ಲಿ ಕಾಂಗ್ರೆಸ್ ಪಕ್ಷ ಇಬ್ಭಾಗ ಆದಾಗ ಈ ಎರಡು ಹೋಳಾದ ಕಡ್ಲೆಕಾಯಿಗೆ ಆ ಹೆಸರು ಬಂತು ಅಂತ ಹೇಳ್ತಾರೆ. ನಾನೂ ನೂರಾರು ಸಲ ಹೇಳಿದೀನಿ, ಪ್ರತಿ ಸಲ ನಗು ಬಂದಿದೆ. ಒಳಗೆ ಬೀದಿಯಲ್ಲಿ ನಿಮ್ಮ ತಾಯಿಯವರಿಗೆ ಕಾಯಿ ಹೋಳಿಗೆ, ಮೇಲೆ ತುಪ್ಪ. ಗುಲ್ಕನ್ ಅಂಗಡಿಯಲ್ಲಿ ಎಲ್ಲರೂ ಐಸ್‌ಕ್ರೀಮ್ ಹಾಕಿಸ್ಕೋತಾರೆ, ಅವರಿಗೆ ಬೆಣ್ಣೆ ಗುಲ್ಕನ್ ಕೇಳಿ, ವ್ರತಕ್ಕೂ ಭಂಗವಿಲ್ಲ. ಮಕ್ಕಳಿಗೆ ಬೋಂಡಾ ಸೂಪು. ಹೆಚ್ಚಿಟ್ಟ ಹಣ್ಣು, ಐಸು ಹಾಕಿದ ಪಾನಕ ಬೇಡವೇ ಬೇಡ. ಅಮೆರಿಕದ ಹೊಟ್ಟೆಗೆ ಕಣ್ಣೆದುರು ಕುದ್ದದ್ದು, ಕರಿದದ್ದು, ಬೆಂದದ್ದು ಮಾತ್ರ. ಅವರೇಬೇಳೆ ದೋಸೆ ಅಂತ ಆಸೆ ಹುಟ್ಟಿಸಬೇಡಿ. ಅವರೆಕಾಯಿ ಸೊಗಡು ಬರೋದು ಡಿಸೆಂಬರ್‌ ಚಳಿಗೆ, ದಸರಾದಲ್ಲಿ ಸಿಗೋದು ಒಣಗಿದ್ದು.

ಎಂ.ಟಿ.ಆರ್. ಹತ್ತಿರದಲ್ಲೇ ಇದೆ, ಹೋಗೋಣ್ವಾ ಅಂತ ಯಾರಾದ್ರೂ ಕೇಳೇ ಕೇಳ್ತಾರೆ. ಬೇಡ. 1924ರಲ್ಲಿ ಕೋಟದ ಕಡೆಯ ಮಯ್ಯ ಸಹೋದರರು ಶುರು ಮಾಡಿದ್ದು, ಯುದ್ಧದ ಕಾಲಕ್ಕೆ ಅಕ್ಕಿ ಸಿಗದೆ ರವೆಯಲ್ಲಿ ಇಡ್ಲಿ ಮಾಡಿದ್ದು, ಎಲ್ಲ ಸರಿ. ಆದ್ರೆ ಅದು ಒಂದು ಬೆಳಗನ್ನೇ ಕೇಳೋ ಜಾಗ. ದಾರಿ ಮಧ್ಯೆ ಇಳಿದು ಹೋಗೋದು ಅದಕ್ಕೂ ಅವಮಾನ, ನಿಮಗೂ ನಷ್ಟ.

ನ್ಯಾಷನಲ್ ಕಾಲೇಜ್ ಮೆಟ್ರೊ ಸ್ಟೇಷನ್ನಿಗೆ ನಡೆದುಬಿಡಿ, ಹಸಿರು ಮಾರ್ಗದಲ್ಲಿ ಎರಡನೇ ನಿಲ್ದಾಣ ಚಿಕ್ಕಪೇಟೆ. ತಿನ್ನೋದಕ್ಕೆ ಇಲ್ಲಿ ಬಳೇಪೇಟೆಯ ಉಡುಪಿ ಶ್ರೀಕೃಷ್ಣ ಭವನದ ಸಾಗು ಮಸಾಲೆ ಒಂದು ಸಾಕು, ಹೊಟ್ಟೆಯಲ್ಲಿ ಜಾಗ ಇದ್ರೆ. ಇಲ್ಲಿ ಬೋರ್ಡು ಓದಿಸಿ. ಅಕ್ಕಿಪೇಟೆ, ರಾಗಿಪೇಟೆ, ಅರಳೇಪೇಟೆ, ಕುಂಬಾರಪೇಟೆ, ಗಾಣಿಗರಪೇಟೆ. ಏನು ಮಾರ್ತಿದ್ರು, ಯಾರು ಇದ್ರು ಅಂತ ಮಕ್ಕಳೇ ಹೇಳಲಿ. ತಾಯಿಯವರು ಕನ್ನಡ ಮೇಡಂ ಅಂದ್ರಲ್ಲ, ಆ ಹತ್ತು ನಿಮಿಷ ಗೈಡು ಅವರೇ. ಕರಗದ ರಾತ್ರಿ ತಿಗಳರಪೇಟೆಯ ಧರ್ಮರಾಯನ ಗುಡಿಯಿಂದ ಹೊರಟ ಕರಗ ಕಾಟನ್‌ಪೇಟೆಯ ತವಕ್ಕಲ್ ಮಸ್ತಾನ್ ದರ್ಗಾಕ್ಕೆ ಹೋಗಿ ಬರುತ್ತೆ ಅನ್ನೋದನ್ನೂ ಇಲ್ಲೇ ಹೇಳಿ, ಮುಂದಿನ ದಾರಿಗೆ ಸೇತುವೆ ಆಗುತ್ತೆ.

ಭಾವನವರ ವಿಚಾರ. ಮಿಲ್ಟ್ರಿ ಹೋಟ್ಲು, ದೊನ್ನೆ ಬಿರಿಯಾನಿ ಅಂತ ಎಲ್ಲರೂ ಹೇಳ್ತಾರೆ, ಸಂಜೆ ಟೂರಿನ ಪಟ್ಟಿಯಲ್ಲೂ ಹಾಕ್ತಾರೆ. ಹಳೇ ಮಿಲ್ಟ್ರಿ ಹೋಟೆಲುಗಳಲ್ಲಿ ಬಹುಪಾಲು ಮಧ್ಯಾಹ್ನಕ್ಕೆ ಪಾತ್ರೆ ಕವುಚಿಬಿಡ್ತವೆ. ಅವು ಬೆಳಗಿನ, ಮಧ್ಯಾಹ್ನದ ಹೊಟ್ಟೆಗೆ ಹುಟ್ಟಿದ ಹೋಟೆಲುಗಳು. ಅವರನ್ನು ಬೇರೆ ದಿನ ಹನ್ನೆರಡಕ್ಕೆ ಕಳಿಸಿ. ಸಂಜೆ ಅವರ ಪಾಲು ಇರೋದು ದಂಡಿನಲ್ಲಿ, ಎಂಟೂವರೆ ಮೇಲೆ.

ದುಡ್ಡು ಕೊಡೋದಾದ್ರೆ ಪೂರ್ತಿ ಸಂಜೆಗೆ ಕೊಡಬೇಡಿ. ದಕ್ಷಿಣದ ಭಾಗ ನೀವೇ ಮಾಡಿಬಿಡಬಹುದು. ಶಿವಾಜಿನಗರದ ಕಡೆ ಅಲ್ಲೇ ಬೆಳೆದ ಗೈಡ್ ಸಿಕ್ಕರೆ ಮಾತ್ರ ಅದಕ್ಕಷ್ಟೇ ಕೊಡಿ. ಪರೀಕ್ಷೆ ಮಾಡೋದು ಹೇಗೆ? ಫೋನ್ ಮಾಡಿ, ‘ಶುಕ್ರವಾರ ಸಂಜೆ ವಿದ್ಯಾರ್ಥಿ ಭವನದ ದೋಸೆ ತಿನ್ನಿಸ್ತೀರಾ’ ಅಂತ ಕೇಳಿ. ‘ಖಂಡಿತ ಮೇಡಂ’ ಅಂದ್ರೆ ಫೋನ್ ಇಟ್ಟುಬಿಡಿ.

ಮಾಸ್ಕ್ ರೋಡ್:

ಬೈಟು ಅಣ್ಣ ಬರೆದದ್ದು ಓದಿ ಖುಷಿಯಾಯ್ತು, ಆದರೆ ನಮ್ಮ ಕಡೆಗೆ ಬಂದ ಕೂಡಲೇ ಅವರ ಕೈ ಸೋತಿದೆ. ‘ಎಂಟೂವರೆ ಮೇಲೆ’ ಅಂತ ಹೇಳಿ ಬಿಟ್ಟುಬಿಟ್ಟರು. ಆದ್ದರಿಂದ ಮಿಕ್ಕದ್ದು ನಾನು ಹೇಳ್ತೀನಿ. ನಮ್ಮದು ಫ್ರೇಜರ್ ಟೌನ್, ಮೂರು ತಲೆಮಾರು.

ಮೊದಲಿಗೆ, ಮಾಸ್ಕ್ ರೋಡಿನ ಸಾಲು ಸಾಲು ಕಬಾಬ್ ಮಳಿಗೆ, ಹಲೀಮು, ಆ ಗದ್ದಲ, ಅದೆಲ್ಲ ರಂಜಾನ್ ತಿಂಗಳದ್ದು. ಯೂಟ್ಯೂಬ್ ನೋಡಿ ದಸರಾದಲ್ಲಿ ಬಂದು ‘ಎಲ್ಲಿ ಹೋಯ್ತು’ ಅಂತ ನನ್ನನ್ನೇ ಕೇಳಿದೋರು ಇದ್ದಾರೆ. ಬೇರೆ ದಿನಗಳಲ್ಲಿ ಇದು ಸಾಮಾನ್ಯ ರಸ್ತೆ. ಬರೋದಾದ್ರೆ ಆಲ್ಬರ್ಟ್ ಬೇಕರಿಗೆ ಬನ್ನಿ. 1902ರಿಂದ ಇದೆ, ಫ್ರೇಜರ್ ಟೌನ್ ಅನ್ನೋ ಹೆಸರಿಗಿಂತ ಹಳೇದು. ಬಾಗಿಲು ತೆಗೆಯೋದೇ ಮಧ್ಯಾಹ್ನದ ಮೇಲೆ. ಖೀಮಾ ಸಮೋಸ ರಾತ್ರಿಯವರೆಗೂ ಕಾಯಲ್ಲ, ಹಾಗಾಗಿ ಅದನ್ನು ಬೇರೆ ದಿನಕ್ಕೆ ಇಟ್ಟುಕೊಳ್ಳಿ. ಖೋವಾ ನಾನ್ ಇದೆ, ನಿಮ್ಮ ತಾಯಿಯವರಿಗೆ ನಡೆಯಲ್ಲ, ಖೋವಾ ಅಂದ್ರೆ ಹಾಲೇ.

ನಿಮ್ಮ ಗುಂಪಿಗೆ ಶಿವಾಜಿನಗರವೇ ಸರಿ. ರಸೆಲ್ ಮಾರ್ಕೆಟ್ ಮುಂದೆ ಆಟೋ ಇಳಿಯಿರಿ. 1927ರ ಕಟ್ಟಡ. ಒಂದು ಕಡೆ ಸೇಂಟ್ ಮೇರಿ ಬೆಸಿಲಿಕಾ. ಸೆಪ್ಟೆಂಬರ್ 8ರ ಮೇರಿ ಹಬ್ಬಕ್ಕೆ ಕಾವಿ ಉಟ್ಟು ಬರೋ ಭಕ್ತರನ್ನು ನೋಡಿದ್ರೆ ಯಾವ ದೇವರ ಜಾತ್ರೆ ಅಂತ ಹೇಳೋಕಾಗಲ್ಲ. ದಸರಾ ಹೊತ್ತಿಗೆ ಆ ಗದ್ದಲ ಮುಗಿದಿರುತ್ತೆ. ಭಾವನವರು ಒಂದು ಸೀಖ್ ಕಬಾಬ್, ಒಂದು ರೋಟಿಯಿಂದ ಶುರು ಮಾಡಲಿ. ಗುಂಟೂರಿನವರಾದ್ರೆ ಫಾಲ್ ಅನ್ನೋ ಭಾರೀ ಖಾರದ ಮಾಂಸದ ತಿನಿಸು ಕೇಳಬಹುದು, ಖಾರದ ಪ್ರಶ್ನೆಗೆ ಅಲ್ಲಿ ಉತ್ತರ ಸಿಗುತ್ತೆ. ಆಮೇಲೆ ಖುಸ್ಕಾ ತಗೊಳ್ಳಲಿ. ತುಂಡು ಇಲ್ಲದ ಬಿರಿಯಾನಿ ಅನ್ನ ಅಷ್ಟೇ, ಆದರೆ ಯಾವ ಹೋಟೆಲಿನ ಕೈ ಎಂಥದು ಅಂತ ಅದರಲ್ಲೇ ಗೊತ್ತಾಗೋದು.

ತಾಯಿಯವರಿಗೆ ಸುಲೈಮಾನಿ ಕೇಳಿ. ಹಾಲಿಲ್ಲದ ಚಹಾ, ನಿಂಬೆಹಣ್ಣು. ಖರ್ಜೂರ, ಒಣ ಅಂಜೂರ ಮಾರೋ ಅಂಗಡಿಗಳಿವೆ, ಅಲ್ಲಿ ಸ್ಟೂಲ್ ಹಾಕಿ ಕೂರಿಸ್ತಾರೆ, ವಯಸ್ಸಾದವರು ನಿಂತಿರೋದು ನೋಡಿ ಸುಮ್ಮನಿರಲ್ಲ.

ಒಂದು ದೂರು ಕೂಡ ಇದೆ, ನಿಮ್ಮ ಮೇಲಲ್ಲ. ವಾಕ್ ಅಂತ ಬರೋ ಗುಂಪುಗಳು ಫೋನ್ ಎತ್ತಿಕೊಂಡೇ ಗಲ್ಲಿಗೆ ನುಗ್ಗುತ್ತವೆ. ಕೆಲಸ ಮಾಡೋನ ಮುಖಕ್ಕೆ ಕ್ಯಾಮೆರಾ. ಕೇಳಿ ತೆಗೆದ್ರೆ ಬೇಡ ಅನ್ನಲ್ಲ, ಕೇಳೋದೇ ಇಲ್ಲ. ಇನ್ನೊಂದು, ಒಬ್ಬ ಗೈಡ್ ನಮ್ಮ ಮನೆ ಮುಂದೆಯೇ ನಿಂತು ‘ಇದು ಮೊಘಲ್ ಶೈಲಿ’ ಅಂತ ಭಾಷಣ ಮಾಡ್ತಿದ್ದ. ನಮ್ಮ ಅಜ್ಜಿ ಕೋಲಾರದವರು. ಮನೆಮಾತು ದಖನಿ, ಸಾರಿಗೆ ಹುಣಸೆಹಣ್ಣು, ಕೂರ್ಮಾಕ್ಕೆ ತೆಂಗಿನಕಾಯಿ. ದಾಲ್ಚಾ ಜೊತೆ ಅನ್ನ ಕಲಸೋ ನಮಗೂ ದೆಹಲಿಯ ಬಾದಶಹರಿಗೂ ಏನು ಸಂಬಂಧ? ಬಾಗಿಲು ತೆಗೆದು ಹೇಳೋಣ ಅನ್ನಿಸ್ತು, ಅಷ್ಟರಲ್ಲಿ ಕುಕ್ಕರ್ ಕೂಗಿತು.

ಬೈಟು ಕಾಫಿ:

ಕೈ ಸೋತದ್ದು ನಿಜ ತಾಯಿ. ಚಾಮರಾಜಪೇಟೆಯೋನು ದಂಡಿನ ಬಗ್ಗೆ ಜಾಸ್ತಿ ಮಾತಾಡಬಾರದು ಅಂತಲೇ ನಿಲ್ಲಿಸಿದ್ದೆ. ಖಾಲಿ ಖುಸ್ಕಾದಲ್ಲೇ ಕೈಗುಣ ಗೊತ್ತಾಗೋದು ಅನ್ನೋದು ಹೊಸ ಪಾಠ, ನಾಲ್ಕು ವರ್ಷ ತುಂಡು ಎಣಿಸ್ಕೊಂಡೇ ಕಳೆದೆ.

ಧಾರವಾಡದ ಮೇಡಂ, ಇನ್ನೊಂದು ಮಾತು. ಆಯುಧಪೂಜೆಯ ಹಿಂದಿನ ಸಂಜೆ ಮಾತ್ರ ಹೋಗಬೇಡಿ. ಕೆ.ಆರ್. ಮಾರ್ಕೆಟ್ಟು, ಗಾಂಧಿಬಜಾರು ಎರಡೂ ಚೆಂಡುಹೂವು, ಬೂದುಗುಂಬಳಕಾಯಿ, ಬಾಳೆಕಂದುಗಳಲ್ಲಿ ಮುಳುಗಿರುತ್ತೆ. ಕಾಲಿಡೋಕೆ ಜಾಗ ಇರಲ್ಲ.

ವಿಜಯನಗರದ ಧಾರವಾಡದಾಕಿ:

ಎಲ್ಲಾರಿಗೂ ಭಾಳ ಥ್ಯಾಂಕ್ಸ್ ರೀ. ಹೋಗಿ ಬಂದ್ವಿ. ಎಂದು ಹೋದ್ವಿ ಅಂತ ಕೇಳಬ್ಯಾಡ್ರಿ. ಆಯುಧಪೂಜಿ ಹಿಂದಿನ ದಿನಾನ. ಭಾವಗ ಅದೊಂದ ಸಂಜಿ ಖಾಲಿ ಇತ್ತು.

ಗೈಡ್ ತಗೊಳ್ಳಲಿಲ್ಲ. ಫೋನ್ ಹಚ್ಚಿ ಶುಕ್ರವಾರದ ಪ್ರಶ್ನಾ ಕೇಳಿದೆ, ‘ನೋ ಪ್ರಾಬ್ಲಮ್ ಮ್ಯಾಮ್’ ಅಂದ್ರು, ಇಟ್ಟುಬಿಟ್ಟೆ.

ಗಾಂಧಿಬಜಾರದಾಗ ಎರಡ ಮಸಾಲಿ ತಗೊಂಡ್ವಿ. ಸಣ್ಣವ ಮೂರನೇದಕ್ಕ ಹಟಾ ಹಿಡಿದ, ಅಕ್ಕ ಕರಗಿದ್ಲು, ನಾ ಕರಗಲಿಲ್ಲ. ಶಂಕರಪುರದಾಗ ಇಡ್ಲಿ ಚಟ್ನಿ ತಿಂದು ಅವ್ವ ಒಂದ ಮಾತು ಹೇಳಿದ್ಲು, ‘ಹಿಟ್ಟು ಛಲೋ ಹುದುಗ್ಯದ.’ ಆಕಿ ಬಾಯಾಗ ಅದು ಪದ್ಮಶ್ರೀ ಇದ್ದಂಗ. ಹೋಳಗಿ ನೋಡಿ ಮಾತ್ರ ‘ಇಷ್ಟು ದಪ್ಪ ಯಾಕ’ ಅಂದ್ಲು, ತಿಂದಿದ್ದು ಎರಡು. ಬೆಣ್ಣಿ ಗುಲ್ಕನ್ ಬಗ್ಗೆ ಹೇಳೂದ ಬ್ಯಾಡ, ಮಾರನೇ ದಿನ ಮನ್ಯಾಗ ಬೆಣ್ಣಿ ಡಬ್ಬಿ ಮುಂದ ಇಟ್ಕೊಂಡು ಗುಲ್ಕನ್ ಎಲ್ಲಿ ಸಿಗ್ತದ ಅಂತ ಕೇಳ್ಲಿಕ್ಕತ್ತಿದ್ಲು.

ಆಮ್ಯಾಲೆ ಒಂದು ತಪ್ಪು ಮಾಡಿದ್ವಿ. ಚಿಕ್ಕಪ್ಯಾಟಿಗೆ ಇಳಿಯೂದು ಬಿಟ್ಟು ಒಂದು ಸ್ಟೇಷನ್ ಮೊದಲ, ಕೆ.ಆರ್. ಮಾರ್ಕೆಟ್‌ದಾಗ ಇಳದ್ವಿ. ದೊಡ್ಡಾಕಿಗೆ ಹೂವಿನ ವಿಡಿಯೋ ಬೇಕಾಗಿತ್ತು. ಮ್ಯಾಲೆ ಬಂದು ನೋಡಿದ್ರ ರಸ್ತಾ ಕಾಣವಲ್ದು, ಬರೇ ಚೆಂಡುಹೂವು, ಹಳದಿ, ಕೇಸರಿ, ಹಳದಿ. ಆಕಿ ಫೋನ್ ಕಿಸೆದಾಗ ಇಟ್ಟು ಸುಮ್ನ ನಿಂತ್ಲು, ಅದು ನಾ ನೋಡಿದ್ದು ಮೊದಲನೇ ಸಲ. ಅಷ್ಟರೊಳಗ ಅವ್ವ ಕಾಣವಲ್ಲಳು. ಹತ್ತು ನಿಮಿಷ ಜೀವ ಬಾಯಿಗೆ ಬಂತು. ಹುಡುಕಿದ್ರ ಒಬ್ಬ ಹೂವಿನವನ ಮುಂದ ಕುಕ್ಕರಗಾಲಲೆ ಕೂತು ಚೌಕಾಶಿ ನಡಿಸ್ಯಾಳ. ಆರು ಮಾರು ಚೆಂಡುಹೂವು ಕೊಂಡ್ಲು. ಯಾಕವ್ವಾ ಅಂದ್ರ, ‘ನಾಳೆ ನಿನ್ನ ಸ್ಕೂಟಿಗೆ ಪೂಜಿ ಬ್ಯಾಡೇನು?’

ಹಿಂಗಾಗಿ ಪ್ಯಾಟಿ ಹೆಸರು ಓದೂ ಆಟ ಭಾವನ ಹೆಗಲ ಮ್ಯಾಲೆ ಹೂವಿನ ಚೀಲ ಹೊರಿಸ್ಕೊಂಡ ನಡೀತು. ಗಾಣಿಗರಪ್ಯಾಟಿ ಅಂದ್ರ ಹಾಡು ಹಾಡೋರ ಓಣಿ ಅಂದ ಸಣ್ಣವ. ಅವ್ವ ಅಲ್ಲೇ ನಿಂತು ಗಾನಕ್ಕೂ ಗಾಣಕ್ಕೂ, ನ-ಕಾರಕ್ಕೂ ಣ-ಕಾರಕ್ಕೂ ಎಷ್ಟು ಫರಕ್ ಅಂತ ಪಾಠ ಶುರು ಹಚ್ಚಿದ್ಲು, ಹಿಂದಿನ ತಳ್ಳುಗಾಡಿಯಂವ ಹಾರ್ನ್ ಇಲ್ದ ಬಾಯಿಲೆ ಪೀಂ ಅಂದ. ಸಾಗು ಮಸಾಲಿಗೆ ಹೊಟ್ಯಾಗ ಜಾಗಾ ಇರಲಿಲ್ಲ, ಅದು ಉಳೀತು.

ಶಿವಾಜಿನಗರಕ್ಕ ಮುಟ್ಟಿದಾಗ ಒಂಬತ್ತು ದಾಟಿತ್ತು. ಆಟೋದವ ಇಳಿಸೂ ಮುಂದ ‘ಈಗ ಶುರು’ ಅಂದ, ಬೈಟು ಅಣ್ಣಾರು ಹೇಳಿದ್ದ ಮಾತ. ಮಾಸ್ಕ್ ರೋಡ್ ಅಕ್ಕಾರ, ಭಾವ ಫಾಲ್ ಕೇಳಿದ್ರು. ಗುಂಟೂರು ಸೋತಿತು. ಎರಡು ತುತ್ತು ಆದ ಮ್ಯಾಲೆ ತೆಲುಗಿನಾಗ ಏನೋ ಅಂದ್ರು, ಅಕ್ಕ ತರ್ಜುಮೆ ಮಾಡ್ಲಿಲ್ಲ. ಅವ್ವ ಕಾಣದಂಗ ಅಕ್ಕನೂ ಒಂದು ಕಬಾಬ್ ತಿಂದ್ಲು. ಅವ್ವ ಕಂಡೂ ಕಾಣದಂಗ ಬೆಸಿಲಿಕಾದ ಗೋಪುರ ನೋಡ್ಕೋತ ನಿಂತ್ಲು.

ನೀವು ಹೇಳಿದಂಗ ಒಣಹಣ್ಣಿನ ಅಂಗಡಿಯಾಗ ಅವ್ವಗ ಸ್ಟೂಲ್ ಹಾಕಿದ್ರು. ಸುಲೈಮಾನಿ ತರಿಸಿದ್ವಿ. ಅವ್ವ ಲೋಟಾ ಎತ್ತಿ ನೋಡಿ, ‘ಚಹಾಪುಡಿ, ಸಕ್ಕರಿ, ಲಿಂಬಿಹಣ್ಣು. ಏನೂ ಅಡ್ಡಿಲ್ಲ’ ಅಂತ ಕುಡದ್ಲು. ಅರ್ಧಾ ಕಿಲೋ ಅಂಜೂರ ತಗೊಂಡ್ಲು, ಅಲ್ಲೂ ಹತ್ತು ರೂಪಾಯಿಗೆ ಗುದ್ದಾಡಿದ್ಲು. ಅಂಗಡಿ ಅಜ್ಜಾರು ಅದನ್ನ ನೋಡಿ ನಕ್ಕು, ಚೀಲದಾಗಿನ ಹೂವು ತೋರಿಸಿ, ‘ಮಾರು ಎಷ್ಟಕ್ಕ ತಂದ್ರಮ್ಮ?’ ಅಂದ್ರು. ಅವ್ವ ದೊಡ್ಡ ಹೆಮ್ಮಿಯಿಂದ ಹೇಳಿದ್ಲು. ಅಜ್ಜಾರು ಒಂದು ಘಳಿಗಿ ಸುಮ್ಮನಿದ್ದು, ಹುಡುಗನ್ನ ಕರದು, ‘ಅಮ್ಮಾರಿಗೆ ಇನ್ನೊಂದು ಸುಲೈಮಾನಿ’ ಅಂದ್ರು. ಅದರ ರೊಕ್ಕ ತಗೊಳ್ಳಲಿಲ್ಲ.

ಬೈಟು ಕಾಫಿ:

ಮೇಡಂ, ಮಾರಿಗೆ ಎಷ್ಟು ಕೊಟ್ರು ಅಂತ ಬರೀಲೇ ಇಲ್ವಲ್ಲ?

ವಿಜಯನಗರದ ಧಾರವಾಡದಾಕಿ:

ಬರಿಯೂದಿಲ್ರೀ. ಅವ್ವ ಇದನ್ನ ಓದ್ತಾಳ.